ಹಾಜರಾತಿ ಕಡಿಮೆ, ಹಾಲ್ ಟಿಕೆಟ್ ಇಲ್ಲ: ಕಾಯಿಲೆ ಬಿದ್ದ ಮಕ್ಕಳಿಗೆ ಕಾನೂನು ಏನು ಹೇಳುತ್ತೆ?

ಬಳ್ಳಾರಿ: ಪರೀಕ್ಷೆ ಹತ್ತಿರ ಬಂತು ಅಂದ್ರೆ ಸಿರುಗುಪ್ಪ, ಕುರುಗೋಡು ಕಡೆಯ ಎಷ್ಟೋ ಪಾಲಕರಿಗೆ ಒಂದೇ ಚಿಂತೆ. ಮಗ ಆಸ್ಪತ್ರೆಯಲ್ಲಿ ಮಲಗಿದ್ದ, ಶಾಲೆ ತಪ್ಪಿತು, ಈಗ ಹಾಜರಾತಿ ಸಾಲಲ್ಲ ಅಂತಾರೆ. ಕೋರ್ಟಿಗೆ ಹೋದರೆ ಪರೀಕ್ಷೆಗೆ ಕೂರಿಸ್ತಾರಾ?

ಮೊದಲು ಲೆಕ್ಕ ನೋಡಿ. ಎಸ್ಸೆಸ್ಸೆಲ್ಸಿ, ದ್ವಿತೀಯ ಪಿಯುಸಿ ಎರಡಕ್ಕೂ ಶೇ 75 ಹಾಜರಾತಿ ಬೇಕು. ಶಾಲೆ 220 ದಿನ ನಡೆದರೆ 165 ದಿನ ಹಾಜರಿರಬೇಕು, 55 ದಿನ ತಪ್ಪಿದರೂ ನಡೆಯುತ್ತೆ. ಡೆಂಗಿ, ಟೈಫಾಯ್ಡ್‌ಗೆ ಇಷ್ಟು ಸಾಕು. ಆದರೆ ಟಿಬಿ ಚಿಕಿತ್ಸೆಯೇ ಸಾಮಾನ್ಯವಾಗಿ 6 ತಿಂಗಳು. ಕ್ಯಾನ್ಸರ್ ಆದರೆ ಬೆಂಗಳೂರಿನ ಕಿದ್ವಾಯಿಗೆ ಓಡಾಡೋದರಲ್ಲೇ ವರ್ಷ ಕಳೆಯುತ್ತೆ. ಇನ್ನು ಹತ್ತಿ, ಮೆಣಸಿನಕಾಯಿ ಬಿಡಿಸೋಕೆ ಅಂತ ಮೊದಲೇ ರಜೆ ಮಾಡಿದ ಮಕ್ಕಳಿಗೆ ಸಣ್ಣ ಕಾಯಿಲೆಯೂ ಲೆಕ್ಕ ತಪ್ಪಿಸುತ್ತೆ.

ಸಿಬಿಎಸ್‌ಇ ಶಾಲೆಗಳಲ್ಲೂ ಶೇ 75 ನಿಯಮವೇ. ದೀರ್ಘ ಕಾಯಿಲೆಗೆ ಶೇ 60ರವರೆಗೆ ಮಂಡಳಿ ವಿನಾಯಿತಿ ಕೊಡಬಹುದು. ಅದಕ್ಕಿಂತ ಕಡಿಮೆ ಇದ್ದರೆ ಕ್ಯಾನ್ಸರ್, ಟಿಬಿಯಂಥ ಗಂಭೀರ ಕಾಯಿಲೆಗೆ ಮಾತ್ರ.

ಕೋರ್ಟಿನ ದಾರಿ ಸುಲಭ ಅಲ್ಲ. ಬಳ್ಳಾರಿ ಜಿಲ್ಲೆಯವರು ರಿಟ್ ಅರ್ಜಿ ಹಾಕಬೇಕಾದ್ದು ಹೈಕೋರ್ಟಿನ ಧಾರವಾಡ ಪೀಠದಲ್ಲಿ, ಇಲ್ಲಿಂದ 200 ಕಿ.ಮೀ.ಗೂ ದೂರ. ಕನಿಕರಕ್ಕೆ ನಿಯಮ ಮುರಿದು ಪರೀಕ್ಷೆ ಬರೆಸೋದು ಸರಿಯಲ್ಲ ಅಂತ ಸುಪ್ರೀಂ ಕೋರ್ಟ್ 1998ರಲ್ಲೇ ಸಿಬಿಎಸ್‌ಇ ಪ್ರಕರಣವೊಂದರಲ್ಲಿ ಹೇಳಿದೆ. ಅದು ಮಾನ್ಯತೆ ಇಲ್ಲದ ಶಾಲೆಗಳ ಕೇಸು, ಆದರೂ ಮಾತು ಇದಕ್ಕೂ ತಾಗುತ್ತೆ.

2025ರ ನವೆಂಬರ್ 3ರಂದು ದೆಹಲಿ ಹೈಕೋರ್ಟ್, ಹಾಜರಾತಿ ಕಡಿಮೆ ಅಂತ ಪರೀಕ್ಷೆಗೆ ತಡೆಯಬಾರದು ಅಂದಿತು. ಇದನ್ನ ನಂಬಿಕೊಂಡು ಎಸ್ಸೆಸ್ಸೆಲ್ಸಿ ಮಕ್ಕಳ ಪಾಲಕರು ಸುಮ್ಮನೆ ಕೂರಬಾರದು. ಆ ತೀರ್ಪು ಕಾನೂನು ಪದವಿ ವಿದ್ಯಾರ್ಥಿಗಳದ್ದು.

ಹಾಗಂತ ಕಾನೂನಿನಲ್ಲಿ ಏನೂ ಇಲ್ಲ ಅಂತಲ್ಲ. ಥಲಸ್ಸೇಮಿಯಾ, ಹಿಮೋಫಿಲಿಯಾ, ಸಿಕಲ್ ಸೆಲ್ ಕಾಯಿಲೆಗಳು 2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯಲ್ಲಿ ಸೇರಿವೆ. ಇಂಥ ಮಕ್ಕಳ ಅಗತ್ಯಕ್ಕೆ ತಕ್ಕಂತೆ ಪರೀಕ್ಷಾ ವ್ಯವಸ್ಥೆ ಬದಲಿಸಬೇಕು ಅಂತ 17ನೇ ಕಲಂ ಹೇಳುತ್ತೆ. ಶಾಲೆ ಬಿಟ್ಟ 6ರಿಂದ 14 ವರ್ಷದ ಮಗು ವಾಪಸ್ ಬಂದರೆ ವಯಸ್ಸಿಗೆ ತಕ್ಕ ತರಗತಿಗೆ ಸೇರಿಸಿಕೊಳ್ಳಬೇಕು. ದಾಖಲಾತಿ ದಿನ ಮುಗಿದಿದೆ, ಟಿಸಿ ತಡ ಆಗಿದೆ ಅನ್ನೋ ನೆಪ ಆರ್‌ಟಿಇ ಕಾಯ್ದೆ ಪ್ರಕಾರ ನಡೆಯಲ್ಲ.

ಪರೀಕ್ಷೆ ದಿನವೇ ಜ್ವರ ಬಂದರೆ ಮೊದಲಿನಷ್ಟು ನಷ್ಟ ಈಗಿಲ್ಲ. 2024ರಿಂದ ವರ್ಷಕ್ಕೆ ಒಂದೇ ಮುಖ್ಯ ಪರೀಕ್ಷೆ ಅನ್ನೋದು ಹೋಯ್ತು. ಪರೀಕ್ಷೆ-1ಕ್ಕೆ ಹೆಸರು ನೋಂದಾಯಿಸಿದವರು ಪರೀಕ್ಷೆ-2 ಬರೆಯಬಹುದು. ಹಾಜರಾತಿ ಕೊರತೆ ಮಾತ್ರ ಇದರಿಂದ ಸರಿಹೋಗಲ್ಲ.

ಹಾಗಾಗಿ ಗೆಲುವು ಸೋಲು ನಿರ್ಧಾರ ಆಗೋದು ಕಾಯಿಲೆ ಬಿದ್ದ ವಾರದಲ್ಲೇ. ರಜೆ ಅರ್ಜಿ ಆಗಲೇ ಕೊಟ್ಟು ಒಂದು ಪ್ರತಿಗೆ ಶಾಲೆಯ ಸೀಲು ಹಾಕಿಸಿಕೊಳ್ಳಬೇಕು. ಬಿಎಂಸಿಆರ್‌ಸಿ (ಹಿಂದಿನ ವಿಮ್ಸ್) ಇರಲಿ, ತಾಲೂಕು ಆಸ್ಪತ್ರೆ ಇರಲಿ, ಒಳರೋಗಿ ಚೀಟಿ, ಡಿಸ್ಚಾರ್ಜ್ ಸಮರಿ ಜೋಪಾನ ಮಾಡಬೇಕು. ಹಾಲ್ ಟಿಕೆಟ್ ಹಂಚೋ ವಾರ ಬರೆಸಿಕೊಂಡು ಬಂದ ಮೆಡಿಕಲ್ ಸರ್ಟಿಫಿಕೇಟ್ ಮೇಲೆ ಅಧಿಕಾರಿಗಳಿಗೂ ಕೋರ್ಟಿಗೂ ಅನುಮಾನ ಬರುತ್ತೆ. ಶಾಲೆ ಒಪ್ಪದಿದ್ದರೆ ಬಿಇಒಗೆ, ನಂತರ ಬಳ್ಳಾರಿಯ ಡಿಡಿಪಿಐಗೆ ಲಿಖಿತ ಮನವಿ ಕೊಡಬೇಕು. ಪಿಯುಸಿ ಆದರೆ ಡಿಡಿಪಿಯುಗೆ.

ಅಷ್ಟಾದರೂ ಆಗದಿದ್ದರೆ ಬಳ್ಳಾರಿಯಲ್ಲಿ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ ಇದೆ. 1987ರ ಕಾಯ್ದೆ ಪ್ರಕಾರ ಮಕ್ಕಳಿಗೆ, ಮಹಿಳೆಯರಿಗೆ ಆದಾಯ ನೋಡದೆ ಉಚಿತ ವಕೀಲರನ್ನ ಕೊಡಬೇಕು. ಅಂಗಡಿ ಮುಚ್ಚಿ, ಕೂಲಿ ಬಿಟ್ಟು ಧಾರವಾಡ ಬಸ್ ಹತ್ತೋ ಮೊದಲು ಆ ಬಾಗಿಲು ತಟ್ಟೋದು ಒಳ್ಳೇದು.