ಉತ್ತರಕ್ಕೆ ಮೊದಲೇ ಮುಹೂರ್ತ

2021ರ ಜನಗಣತಿಯಲ್ಲಿ ಇಂಗ್ಲೆಂಡ್ ಮತ್ತು ವೇಲ್ಸ್‌ನ ಜನರಿಗೆ ಮೊದಲ ಬಾರಿಗೆ ಲೈಂಗಿಕ ಒಲವಿನ ಕುರಿತು ಪ್ರಶ್ನೆ ಕೇಳಲಾಯಿತು. 16 ವರ್ಷ ಮತ್ತು ಅದಕ್ಕೆ ಮೇಲ್ಪಟ್ಟವರಿಗೆ ಮೀಸಲಾಗಿದ್ದ ಆ ಪ್ರಶ್ನೆಗೆ ಉತ್ತರಿಸುವುದು ಕಡ್ಡಾಯವಾಗಿರಲಿಲ್ಲ. ತಮ್ಮನ್ನು ಗೇ, ಲೆಸ್ಬಿಯನ್, ಬೈಸೆಕ್ಷುವಲ್ ಅಥವಾ ಇತರ ಎಂದು ಗುರುತಿಸಿಕೊಂಡವರು ಶೇ. 3.2ರಷ್ಟು, ಉತ್ತರವನ್ನೇ ಬರೆಯದವರು ಶೇ. 7.5ರಷ್ಟು. ಖಾಲಿ ಬಿಟ್ಟವರೆಲ್ಲರೂ ಗೊಂದಲದಲ್ಲಿದ್ದರೆಂದು ಹೇಳಲಾಗದು. ಆದರೂ ಈ ವಿಷಯದಲ್ಲಿ ಸುಮ್ಮನಿರುವ ಅವಕಾಶವನ್ನು ಸರ್ಕಾರವೇ ಪ್ರಜೆಗೆ ನೀಡಿತೆಂಬುದು ಗಮನಾರ್ಹ. ಅದೇ ದೇಶದಲ್ಲಿ ನೆಲೆಸಿರುವ ಅನೇಕ ಕನ್ನಡ ಕುಟುಂಬಗಳಲ್ಲಿ ಆ ಅವಕಾಶವಿಲ್ಲ. ಅಲ್ಲಿ ಪ್ರಶ್ನೆಯನ್ನು ಯಾರೂ ಕೇಳುವುದಿಲ್ಲ. ಉತ್ತರ ಮಾತ್ರ ಮೊದಲೇ ನಿಶ್ಚಯವಾಗಿರುತ್ತದೆ.

ಓದಲು ಬಂದು, ಕೆಲಸ ಹಿಡಿದು ಅಲ್ಲೇ ಉಳಿದ ಯುವಕನೊಬ್ಬನ ಸ್ಥಿತಿಯನ್ನು ಊಹಿಸಿಕೊಳ್ಳಬಹುದು. ಅವನು ಕೆಲವು ವರ್ಷಗಳಿಂದ ಊರಿನ ಹುಡುಗಿಯೊಬ್ಬಳನ್ನು ಪ್ರೀತಿಸುತ್ತಿದ್ದಾನೆ. ಆ ಪ್ರೀತಿ ಸುಳ್ಳಲ್ಲ. ಆದರೆ ಗಂಡಸೊಬ್ಬನತ್ತ ಹರಿಯುತ್ತಿರುವ ತನ್ನ ಮನಸ್ಸನ್ನು ಏನೆಂದು ಕರೆಯಬೇಕೆಂದು ಅವನಿಗೆ ತಿಳಿಯುತ್ತಿಲ್ಲ. ಇತ್ತ ಎರಡೂ ಮನೆಯವರು ಪಂಚಾಂಗ ತೆರೆದು ಕುಳಿತಿದ್ದಾರೆ.

ಇಂಥವನಿಗೆ ಸಿದ್ಧ ಉತ್ತರಗಳಿಗೇನೂ ಕೊರತೆಯಿಲ್ಲ. ವಯಸ್ಸಿನ ಚಪಲ, ತಾನಾಗಿಯೇ ಹೋಗುತ್ತದೆ ಎನ್ನುವುದು ಒಂದು. ಮದುವೆಯಾದರೆ ಎಲ್ಲ ಸರಿಹೋಗುತ್ತದೆ ಎನ್ನುವುದು ಇನ್ನೊಂದು. ಮೂರನೆಯದು ಪ್ರಗತಿಪರ ಗೆಳೆಯರ ಬಳಗದಿಂದ ಬರುತ್ತದೆ: ಅವನು ಗೇ, ಒಪ್ಪಿಕೊಳ್ಳುವ ಧೈರ್ಯವಿಲ್ಲ, ಅಷ್ಟೇ. ಈ ಮೂರನೆಯ ಮಾತಿನಲ್ಲಿ ಉದಾರತೆಯ ಛಾಯೆಯಿದೆ, ನಿಜ. ಆದರೆ ಮೊದಲೆರಡರಲ್ಲಿರುವ ಆತುರ ಅದರಲ್ಲಿಯೂ ಇದೆ. ಮೂರೂ ಅವನ ಪ್ರಶ್ನೆಗೆ ಅವನ ಪರವಾಗಿ ಉತ್ತರ ಬರೆದುಬಿಡುತ್ತವೆ.

1948ರಲ್ಲಿ ಅಮೆರಿಕದ ಆಲ್ಫ್ರೆಡ್ ಕಿನ್ಸಿ ಮತ್ತು ಸಹೋದ್ಯೋಗಿಗಳು ಪುರುಷರ ಲೈಂಗಿಕತೆಯ ಕುರಿತ ತಮ್ಮ ಗ್ರಂಥದಲ್ಲಿ 0ಯಿಂದ 6ರವರೆಗಿನ ಅಳತೆಗೋಲೊಂದನ್ನು ಮುಂದಿಟ್ಟರು. ಮನುಷ್ಯರನ್ನು ಎರಡೇ ಗುಂಪುಗಳಾಗಿ ಒಡೆಯಲಾಗದೆಂಬುದು ಅದರ ತಿರುಳು. ಮುಂದೆ ಫ್ರಿಟ್ಜ್ ಕ್ಲೈನ್ ರೂಪಿಸಿದ ಕೋಷ್ಟಕವು ಆಕರ್ಷಣೆ, ನಡವಳಿಕೆ, ಭಾವನಾತ್ಮಕ ಒಲವು ಮತ್ತು ಸ್ವಂತ ಗುರುತನ್ನು ಬೇರೆಬೇರೆಯಾಗಿ ನೋಡಿತು. ಕಾಲದೊಡನೆ ಅವು ಬದಲಾಗಬಹುದೆಂಬುದನ್ನೂ ಲೆಕ್ಕಕ್ಕೆ ತೆಗೆದುಕೊಂಡಿತು. ಈ ಅಳತೆಗಳಿಗೆ ತಮ್ಮದೇ ಮಿತಿಗಳಿವೆ. ಆದರೂ ಗಂಡು ಹೆಣ್ಣುಗಳಿಬ್ಬರತ್ತಲೂ ಒಲವಿರುವವನು ತನ್ನ ಪ್ರೇಯಸಿಯನ್ನು ನಿಜವಾಗಿ ಪ್ರೀತಿಸಬಲ್ಲನೆಂಬ ಸರಳ ಸಂಗತಿಗೆ ಅವು ಎಡೆಮಾಡಿಕೊಡುತ್ತವೆ. ವಸುಧೇಂದ್ರರ ‘ಮೋಹನಸ್ವಾಮಿ’ 2013ರಲ್ಲಿ ಪ್ರಕಟವಾದಾಗ, ಸಲಿಂಗಪ್ರೇಮಿಯ ಬದುಕನ್ನು ಕುರಿತು ಬಿಚ್ಚುಮನಸ್ಸಿನಿಂದ ಮಾತನಾಡಲು ಕನ್ನಡ ಓದುಗರಿಗೊಂದು ದಾರಿ ತೆರೆಯಿತು. ತಾನು ಯಾರೆಂದು ಇನ್ನೂ ತಿಳಿಯದವನ ಕುರಿತ ಮಾತುಕತೆ ಮಾತ್ರ ಇಂದಿಗೂ ವಿರಳ.

ಕಾನೂನಿನ ನೆರವೂ ಅವನಿಗೆ ಅರ್ಧದಷ್ಟೇ ದೊರೆಯುತ್ತದೆ. ಬ್ರಿಟಿಷರು 1860ರಲ್ಲಿ ತಂದ ದಂಡಸಂಹಿತೆಯ 377ನೇ ಕಲಮಿನಿಂದ, ವಯಸ್ಕರ ಸಮ್ಮತಿಯ ಸಂಬಂಧವನ್ನು ಭಾರತದ ಸುಪ್ರೀಂ ಕೋರ್ಟ್ 2018ರ ಸೆಪ್ಟೆಂಬರ್ 6ರಂದು ಹೊರಗಿಟ್ಟಿತು. 2023ರ ಅಕ್ಟೋಬರ್ 17ರಂದು ಅದೇ ನ್ಯಾಯಾಲಯ ಸಲಿಂಗ ವಿವಾಹಕ್ಕೆ ಮಾನ್ಯತೆ ನೀಡಲು ನಿರಾಕರಿಸಿತು. ಇಂಗ್ಲೆಂಡಿನಲ್ಲಾದರೋ ಅಂಥ ವಿವಾಹಗಳು 2014ರಿಂದ ನಡೆಯುತ್ತಿವೆ. ಆದರೆ ಮದುವೆಯ ಒತ್ತಡ ಬರುವುದು ಕೋರ್ಟಿನಿಂದಲ್ಲ, ಭಾನುವಾರದ ವೀಡಿಯೋ ಕರೆಯಿಂದ. ಲೈಂಗಿಕ ಒಲವನ್ನು ಬದಲಿಸುವ ‘ಚಿಕಿತ್ಸೆ’ಯನ್ನು ಭಾರತದ ರಾಷ್ಟ್ರೀಯ ವೈದ್ಯಕೀಯ ಆಯೋಗ 2022ರಲ್ಲಿ ವೃತ್ತಿ ದುರ್ನಡತೆಯೆಂದು ಸಾರಿತು. ಮದುವೆ ಮಾಡಿದರೆ ಸರಿಹೋಗುತ್ತಾನೆ ಎಂಬ ಹಿರಿಯರು, ವೈದ್ಯನಿಗೆ ನಿಷಿದ್ಧವಾದುದನ್ನೇ ಪುರೋಹಿತನಿಂದ ಮಾಡಿಸಹೊರಟಿದ್ದಾರೆ.

ಆ ಚಿಕಿತ್ಸೆಯ ಬೆಲೆಯನ್ನು ತೆರುವವಳು ಹೆಣ್ಣು. ಕೆಲಸ ಬಿಟ್ಟು, ತವರು ಬಿಟ್ಟು, ಪತಿಯನ್ನು ಅವಲಂಬಿಸಿದ ವೀಸಾದ ಮೇಲೆ ಪರದೇಶಕ್ಕೆ ಬರುವವಳ ವಾಸದ ಹಕ್ಕೇ ಆ ದಾಂಪತ್ಯದ ಮೇಲೆ ನಿಂತಿರುತ್ತದೆ. ಕಾರಣವರಿಯದೆ ಅವಳು ತನ್ನಲ್ಲೇ ಕೊರತೆ ಹುಡುಕುತ್ತಾಳೆ; ಇನ್ನೂ ಮಕ್ಕಳಾಗಲಿಲ್ಲವೇ ಎಂಬ ಪ್ರಶ್ನೆಯೂ ಅವಳನ್ನೇ ಅರಸಿ ಬರುತ್ತದೆ. ಆದ್ದರಿಂದ ಯುವಕನ ಮೇಲಿನ ಅನುಕಂಪ ಅವನ ಹೊಣೆಯನ್ನು ಮರೆಸಬಾರದು. ಮನಸ್ಸಿನಲ್ಲಿ ಸಂಶಯ ಹುಟ್ಟುವುದು ದ್ರೋಹವಲ್ಲ. ಅದನ್ನು ಬಚ್ಚಿಟ್ಟುಕೊಂಡು ತಾಳಿ ಕಟ್ಟುವುದು ಬೇರೆಯೇ ಮಾತು. ಅಲ್ಲಿ ಅವಳ ಒಪ್ಪಿಗೆ ಪೂರ್ಣವಾದ ಒಪ್ಪಿಗೆಯಲ್ಲ.

ಹಾಗೆಂದು ಅವನು ಊರಿಗೆಲ್ಲ ಸಾರಬೇಕಿಲ್ಲ, ತನಗೊಂದು ಹೆಸರನ್ನು ಈಗಲೇ ಆರಿಸಿಕೊಳ್ಳಬೇಕಾಗಿಯೂ ಇಲ್ಲ. ‘ನನಗೆ ಇನ್ನೂ ಸ್ಪಷ್ಟವಾಗಿಲ್ಲ’ ಎಂಬ ಮಾತನ್ನು ಅವಳೊಬ್ಬಳಿಗೆ, ನಿಶ್ಚಿತಾರ್ಥಕ್ಕೆ ಮೊದಲು ಹೇಳಿದರೆ ಸಾಕು. ಉಳಿಯುವುದೋ ಹೊರಡುವುದೋ ಎಂಬ ತೀರ್ಮಾನದಲ್ಲಿ ಅವಳಿಗೂ ಪಾಲು ದೊರೆಯುತ್ತದೆ. ಸತ್ಯವನ್ನು ತಿಳಿದೂ ಅವಳು ಅವನೊಡನೆ ಉಳಿಯಬಹುದು, ಅಥವಾ ಬೇರೆ ದಾರಿ ಹಿಡಿಯಬಹುದು. ಎರಡೂ ಗೌರವದ ಆಯ್ಕೆಗಳೇ. ಆ ಮಾತನ್ನು ಆಡಲು ಅವನಿಗೆ ಬೇಕಾಗಿರುವುದು ಸಮಯ. ಕೆಲಸ ಖಾಯಮ್ಮಾಗಲಿ, ಮನೆ ಕೊಳ್ಳಲಿ ಎಂದು ಮದುವೆಯನ್ನು ವರ್ಷಗಟ್ಟಲೆ ಮುಂದೂಡಬಲ್ಲ ತಂದೆತಾಯಿಗಳು, ಮಗ ಕಾರಣ ಹೇಳದೆಯೇ ‘ಸ್ವಲ್ಪ ಸಮಯ ಬೇಕು’ ಎಂದಾಗಲೂ ಮುಂದೂಡಬಲ್ಲರು. ಹಾಗೆ ಮಾಡಿದರೆ ಅವರು ಕಳೆದುಕೊಳ್ಳುವುದು ಕಲ್ಯಾಣಮಂಟಪದ ಮುಂಗಡವನ್ನು ಮಾತ್ರ.