ಮಾರ್ಕ್ಸ್ ಕಾರ್ಡಿನ ಹೆಸರೇ ಇರಲಿ

ಮದುವೆಯಾದ ಮೇಲೆ ಗಂಡನ ಹೆಸರು ಸೇರಿಸಿಕೊಳ್ಳಬೇಕೆಂದು ನಮ್ಮ ದೇಶದಲ್ಲಿ ಯಾವ ಕಾನೂನೂ ಇಲ್ಲ. ನಿಕಾಹ್‌ನಾಮೆಯಲ್ಲೂ ವಧುವನ್ನು ಇಂಥವರ ಮಗಳು ಎಂದೇ ಬರೆಯುತ್ತಾರೆ. ಪ್ಯಾನ್ ಕಾರ್ಡಿನಲ್ಲೂ ಗಂಡನ ಹೆಸರಿಗೆ ಜಾಗವಿಲ್ಲ. ಆದರೂ ಎಷ್ಟೋ ಮನೆಗಳಲ್ಲಿ ಮದುವೆಯಾದ ಕೂಡಲೇ ಆಧಾರ್ ತಿದ್ದಿಸುತ್ತಾರೆ.

ನನ್ನ ಖಾಲಾಗೂ ಹಾಗೇ ಆಯಿತು. ಖುಲಾ ಆದ ಮೇಲೆ ಕೆಲಸ ಹುಡುಕಲು ಹೋದರೆ ಮಾರ್ಕ್ಸ್ ಕಾರ್ಡಿನಲ್ಲಿ ಒಂದು ಹೆಸರು, ಆಧಾರ್‌ನಲ್ಲಿ ಇನ್ನೊಂದು. ಕೋರ್ಟಿನ ಡಿಕ್ರಿ ಇರಲಿಲ್ಲ. ಅಫಿಡವಿಟ್, ಪತ್ರಿಕಾ ಜಾಹೀರಾತು, ಗೆಜೆಟ್ ಎಂದು ತಿಂಗಳುಗಟ್ಟಲೆ ಅಲೆದರು. ಆಧಾರ್‌ನಲ್ಲಿ ಹೆಸರು ಬದಲಿಸಲು ಇರುವುದೇ 2 ಅವಕಾಶ. ಅವರಿಗೆ ಎರಡೂ ಮುಗಿದವು.

ಮೊದಲ ಸಲ ಬದಲಿಸಿದಾಗ ಯಾರೂ ಏಕೆಂದು ಕೇಳಲಿಲ್ಲ. ಎರಡನೇ ಸಲ ಎಲ್ಲರೂ ಕೇಳಿದರು. ಗೆಳತಿಯರೇ, ಮಾರ್ಕ್ಸ್ ಕಾರ್ಡಿನಲ್ಲಿರುವ ಹೆಸರನ್ನೇ ಕೊನೆತನಕ ಇಟ್ಟುಕೊಳ್ಳಿ. ಗೆಳೆಯರೇ, ನಾಳೆ ನಿಮ್ಮ ಮನೆಗೆ ಬರುವವಳ ಆಧಾರ್ ಮುಟ್ಟಬೇಡಿ.