ಓರ್ವಕಲ್ಲಿನ ವಿಮಾನ, ಆದೋನಿಯ ಬಸ್ಸು

ಕಳೆದ ಸುಗ್ಗಿಯಲ್ಲಿ ಹತ್ತಿ ಹಾಕಿಕೊಂಡು ಆದೋನಿ ಮಾರ್ಕೆಟ್ ಯಾರ್ಡಿಗೆ ಹೋಗಿದ್ದೆ. ತೂಕದ ಸರದಿ ಬರುವ ತನಕ ನೆರಳಲ್ಲಿ ಕೂತಾಗ ಆಲೂರು ಕಡೆಯ ಹುಡುಗನೊಬ್ಬ ಕೇಳಿದ: "ಏಂ ಮಾವಾ, ಮನ ಜಿಲ್ಲಾಕಿ ವಿಮಾನಂ ವಚ್ಚಿಂದಿ ಗದಾ, ನುವ್ವು ಎಕ್ಕಿನಾವಾ?" "ಇಲ್ಲಪ್ಪಾ, ಅಲ್ಲಿ ತನಕ ಒಯ್ಯೋ ನೇರ ಬಸ್ಸು ಸಿಕ್ಕಿದ ಮೇಲೆ ಏರ್ತೀನಿ" ಅಂದೆ. ಸುತ್ತ ಕೂತವರೆಲ್ಲ ನಕ್ಕರು. ಆದರೆ ನಕ್ಕು ಬಿಟ್ಟುಬಿಡುವ ಮಾತಲ್ಲ ಅದು.

ಕರ್ನೂಲಿನಿಂದ ನಂದ್ಯಾಲದ ಹೆದ್ದಾರಿಯಲ್ಲಿ ಸುಮಾರು 20 ಕಿಲೋಮೀಟರ್ ಹೋದರೆ ಓರ್ವಕಲ್ಲು. ಬಂಡೆಗಳಿಗೆ ಹೆಸರಾದ ಊರು. ಅಲ್ಲಿ ಸುಮಾರು ಸಾವಿರ ಎಕರೆಯಲ್ಲಿ ವಿಮಾನ ನಿಲ್ದಾಣ ಕಟ್ಟಲು 2017ರಲ್ಲಿ ಅಡಿಗಲ್ಲು ಬಿತ್ತು. 2019ರ ಜನವರಿಯಲ್ಲಿ, ಚುನಾವಣೆಗೆ ಮುಂಚೆ, ಆಗಿನ ಮುಖ್ಯಮಂತ್ರಿ ಚಂದ್ರಬಾಬು ನಾಯ್ಡು ಉದ್ಘಾಟಿಸಿದರು. ಆದರೆ ಹಾರಾಟದ ಲೈಸೆನ್ಸು ಬಂದದ್ದು 2021ರ ಜನವರಿಗೆ. ಆ ವರ್ಷ ಮಾರ್ಚ್ 25ರಂದು ಮುಖ್ಯಮಂತ್ರಿ ಜಗನ್‌ಮೋಹನ ರೆಡ್ಡಿ ಮತ್ತೊಮ್ಮೆ ಉದ್ಘಾಟಿಸಿ, ಉಯ್ಯಾಲವಾಡ ನರಸಿಂಹಾರೆಡ್ಡಿಯ ಹೆಸರಿಟ್ಟರು. 1847ರಲ್ಲಿ ಕೋಯಿಲಕುಂಟ್ಲದಲ್ಲಿ ಇಂಗ್ಲಿಷರು ಗಲ್ಲಿಗೇರಿಸಿದ ಪಾಳೇಗಾರನ ಹೆಸರು ಅದು. ಹೆಸರಿನ ಬಗ್ಗೆ ನನ್ನ ತಕರಾರಿಲ್ಲ. ಮೂರು ದಿನದ ಮೇಲೆ, ಮಾರ್ಚ್ 28ಕ್ಕೆ, ಬೆಂಗಳೂರು, ಚೆನ್ನೈ, ವಿಶಾಖಪಟ್ಟಣಕ್ಕೆ ಇಂಡಿಗೋ ವಿಮಾನ ಶುರುವಾಯಿತು. 2025ರ ಜುಲೈ 2ರಂದು ವಾರಕ್ಕೆ ಮೂರು ದಿನದ ವಿಜಯವಾಡ ವಿಮಾನವೂ ಬಂತು.

ಓಡುದಾರಿ 2,000 ಮೀಟರು. ರೆಕ್ಕೆಯಲ್ಲಿ ಪಂಖ ತಿರುಗುವ ಎಟಿಆರ್ ಎಂಬ ಚಿಕ್ಕ ವಿಮಾನಕ್ಕೆ ಧಾರಾಳವಾಗಿ ಸಾಕು. ಎಪ್ಪತ್ತು ಚಿಲ್ಲರೆ ಜನ ಹಿಡಿಯುತ್ತದೆ. ಜನರ ಪೆಟ್ಟಿಗೆ, ಗಂಟು ಇಟ್ಟ ಮೇಲೆ ಸರಕಿಗೆ ಉಳಿಯುವ ಜಾಗ ಕಡಿಮೆ. ಆದ್ದರಿಂದ ನಮ್ಮ ಹತ್ತಿ, ಶೇಂಗಾ, ಪತ್ತಿಕೊಂಡದ ಟೊಮ್ಯಾಟೊ ವಿಮಾನದಲ್ಲಿ ಹೋಗುತ್ತವೆ ಅಂತ ಯಾರಾದರೂ ಭಾಷಣ ಮಾಡಿದರೆ, ವರ್ತಕ ಬಂಧುಗಳೇ, ಚಪ್ಪಾಳೆ ತಟ್ಟುವ ಮುಂಚೆ ಒಂದು ಲಾರಿ ಲೋಡು ಎಷ್ಟಂತ ನೆನೆಸಿಕೊಳ್ಳಿ.

ಇನ್ನು ದುಡ್ಡಿನ ಲೆಕ್ಕ. ಇಂಥ ಸಣ್ಣ ನಿಲ್ದಾಣಗಳು ನಡೆಯುವುದು ಕೇಂದ್ರದ ಉಡಾನ್ ಯೋಜನೆಯಲ್ಲಿ. ಅದರ ಮೊದಲ ವಿಮಾನ ಹಾರಿದ್ದು 2017ರ ಏಪ್ರಿಲ್‌ನಲ್ಲಿ. ವಿಮಾನದ ಒಂದಷ್ಟು ಸೀಟು ಕಡಿಮೆ ದರಕ್ಕೆ ಕೊಡಬೇಕು. ಆಗ ತಾಸಿನ ಪ್ರಯಾಣಕ್ಕೆ ಸುಮಾರು 2,500 ರೂಪಾಯಿ ಅಂದಿದ್ದರು. ಕಂಪನಿಗೆ ಬೀಳುವ ನಷ್ಟವನ್ನು ಮೂರು ವರ್ಷ ಸರ್ಕಾರ ತುಂಬುತ್ತದೆ. ಅದರಲ್ಲಿ ರಾಜ್ಯದ ಪಾಲೂ ಇದೆ, ಅಂದರೆ ನಾವು ಕಟ್ಟುವ ತೆರಿಗೆಯೂ ಇದೆ. ಮೂರು ವರ್ಷ ಮುಗಿದ ಮೇಲೆ ಮಾರ್ಗ ತನ್ನ ಕಾಲ ಮೇಲೆ ತಾನು ನಿಲ್ಲಬೇಕು.

ನಿಲ್ಲುತ್ತದೆಯೇ? ಮಹಾಲೇಖಪಾಲರ 2023ರ ವರದಿ ನೋಡಿ. ಮೊದಲ ಮೂರು ಸುತ್ತಿನಲ್ಲಿ ಕೊಟ್ಟ 774 ಮಾರ್ಗಗಳಲ್ಲಿ 403 ಶುರುವೇ ಆಗಲಿಲ್ಲ. ಶುರುವಾದ 371ರಲ್ಲಿ ಮೂರು ವರ್ಷ ಪೂರೈಸಿದ್ದು 112. ಆಮೇಲೂ, 2023ರ ಮಾರ್ಚಿಗೆ, ಹಾರುತ್ತಿದ್ದದ್ದು 54 ಮಾತ್ರ. ನಮ್ಮ ಪಕ್ಕದ ತೋರಣಗಲ್ಲಿನ ವಿದ್ಯಾನಗರಕ್ಕೂ 2017ರಲ್ಲಿ ಟ್ರೂಜೆಟ್ ವಿಮಾನ ಬಂತು, 2022ರಲ್ಲಿ ಆ ಕಂಪನಿಯ ಹಾರಾಟವೇ ನಿಂತಿತು. ಬಿತ್ತನೆ ಆದದ್ದೆಲ್ಲ ಬೆಳೆ ಅಲ್ಲ ಅನ್ನೋದು ಮಳೆ ನಂಬಿದ ರೈತನಿಗೆ ಯಾರೂ ಹೇಳಿಕೊಡಬೇಕಿಲ್ಲ.

ಮಾರ್ಗ ಉಳಿಯಬೇಕಾದರೆ ಸೀಟು ತುಂಬಬೇಕು. ಸೀಟು ತುಂಬಬೇಕಾದರೆ ಜಿಲ್ಲೆಯ ಪಶ್ಚಿಮದ ಜನ ಬರಬೇಕು. ಆದೋನಿಯಿಂದ ಕರ್ನೂಲಿಗೆ ಸುಮಾರು 100 ಕಿಲೋಮೀಟರು, ಮೇಲೆ ಓರ್ವಕಲ್ಲಿಗೆ 20. ಬೆಳಗಿನ ವಿಮಾನ ಅಂದರೆ ನಡುರಾತ್ರಿಗೇ ಮನೆ ಬಿಡಬೇಕು, ಇಲ್ಲಾ ಕರ್ನೂಲಲ್ಲಿ ಲಾಡ್ಜು ಹಿಡೀಬೇಕು. ಅದೇ ಆದೋನಿ ಸ್ಟೇಷನ್ನಿನಲ್ಲಿ ರಾತ್ರಿ ರೈಲು ಹತ್ತಿದವನು ಮಲಗಿದಲ್ಲೇ ಬೆಂಗಳೂರು ಸೇರುತ್ತಾನೆ. ಹೀಗಿರುವಾಗ ಬೆಂಗಳೂರಿಗೆ ಅಂತ ಓರ್ವಕಲ್ಲಿಗೆ ಯಾರು ಹೋಗುತ್ತಾರೆ? ಹೋಗುವವರು ವಿಜಯವಾಡ, ವಿಶಾಖಪಟ್ಟಣದ ಕಡೆ ಕಚೇರಿ, ಆಸ್ಪತ್ರೆ ಕೆಲಸ ಇದ್ದವರು. ಅವರಿಗೆ ಇದು ನಿಜವಾದ ಅನುಕೂಲ, ಇಲ್ಲ ಅನ್ನಲಾರೆ.

ಲಕ್ಷದ್ವೀಪದ ಅಗತ್ತಿಯಲ್ಲಿ 1988ರಿಂದ ಒಂದು ನಿಲ್ದಾಣ ಇದೆ. ಓಡುದಾರಿ 1,200 ಮೀಟರಿನಷ್ಟೇ, ಸುತ್ತ ಸಮುದ್ರ. ಅಲ್ಲಿಯವರಿಗೆ ಕೊಚ್ಚಿ ಸೇರಲು ಹಡಗು ಬಿಟ್ಟರೆ ವಿಮಾನವೇ ಗತಿ. ನಮ್ಮದು ನೀರಿಲ್ಲದ ದ್ವೀಪ. 1953ರ ಅಕ್ಟೋಬರ್ 1ಕ್ಕೆ ಆದೋನಿ, ಆಲೂರು, ರಾಯದುರ್ಗ ತಾಲೂಕುಗಳು ಬಳ್ಳಾರಿ ಜಿಲ್ಲೆ ಬಿಟ್ಟು ಆಂಧ್ರಕ್ಕೆ ಸೇರಿದವು. ಕಚೇರಿ ಪೂರ್ವಕ್ಕೆ ಹೋಯಿತು; ಬೀಗತನ, ವ್ಯಾಪಾರ ಪಶ್ಚಿಮಕ್ಕೇ ಉಳಿಯಿತು. ಆ ಗೆರೆಯ ಎರಡೂ ಬದಿಯ ಯೋಜನೆಗಳಿಗೆ ನಾವು ನಕ್ಷೆಯ ಅಂಚು.

ಈಗ ಕರ್ನಾಟಕ ಸರ್ಕಾರ ರಾಯಚೂರಿನ ಯರಮರಸಿನಲ್ಲಿ ನಿಲ್ದಾಣದ ಯೋಜನೆ ಹಿಡಿದಿದೆ. ಅದು ಆದರೆ ಮಂತ್ರಾಲಯ, ಕೋಸಿಗಿಯವರಿಗೆ ಓರ್ವಕಲ್ಲಿಗಿಂತ ಅದೇ ಹತ್ತಿರ. ಬಳ್ಳಾರಿ ಹತ್ತಿರದ ಚಾಗನೂರು, ಸಿರಿವಾರದಲ್ಲಿ ನಿಲ್ದಾಣಕ್ಕೆಂದು ಸುಮಾರು 900 ಎಕರೆ ಹೋಯಿತು, ರೈತರು ಹೋರಾಡಿದರು, ವಿಮಾನ ಇನ್ನೂ ಇಳಿದಿಲ್ಲ. ಎರಡು ಸರ್ಕಾರಗಳು ಒಂದು ಮೇಜಿನ ಮುಂದೆ ಕೂತು, ಯಾವ ಊರಿಗೆ ಯಾವ ನಿಲ್ದಾಣ ಹತ್ತಿರ ಅಂತ ನಕ್ಷೆ ಹಾಸಿ ನೋಡಿದರೆ ರೈತನ ಎಷ್ಟೋ ಎಕರೆ ಉಳಿದೀತು.

ನಾನು ಕೇಳುವುದು ದೊಡ್ಡದೇನಲ್ಲ. ವಿಮಾನದ ವೇಳೆಗೆ ಸರಿಯಾಗಿ ಆದೋನಿಯಿಂದ ಯೆಮ್ಮಿಗನೂರು ಮೇಲೆ ಓರ್ವಕಲ್ಲಿಗೆ ಒಂದು ಸರ್ಕಾರಿ ಬಸ್ಸು. ಮಾರ್ಗದ ಸಹಾಯಧನ ಯಾವಾಗ ಮುಗಿಯುತ್ತದೆ, ಎಷ್ಟು ಸೀಟು ತುಂಬಿತು ಎಂಬ ಲೆಕ್ಕ ತೆಲುಗಿನಲ್ಲೂ ಕನ್ನಡದಲ್ಲೂ ಜನರ ಮುಂದೆ. ಇನ್ನೊಂದು: ಸುಗ್ಗಿ ಮುಗಿದ ಮೇಲೆ ಕೋಸಿಗಿ, ಪೆದ್ದಕಡಬೂರಿನ ಹಳ್ಳಿಗಳಿಂದ ಕೂಸು ಕಂಕುಳಲ್ಲಿಟ್ಟುಕೊಂಡು ಗುಂಟೂರಿಗೆ ಮೆಣಸಿನಕಾಯಿ ಬಿಡಿಸಲು ಹೋಗುವವರ ಪ್ರಯಾಣವೂ ಪ್ರಯಾಣವೇ. ಖಾಲಿ ಸೀಟಿಗೆ ಸಹಾಯಧನ ಕೊಡುವ ಕೈ, ಅವರು ಊರಲ್ಲೇ ಉಳಿಯುವಂತೆ ಕಾಲುವೆಯ ಕೊನೆ ಹೊಲದ ತನಕ ನೀರು ಕೊಡಲು ಯಾಕೆ ಹಿಂಜರಿಯಬೇಕು?

ಮೊನ್ನೆ ಯಾರ್ಡಿನ ಹುಡುಗ ಮತ್ತೆ ಸಿಕ್ಕಿದ್ದ. "ಬಸ್ಸೊಚ್ಚಿಂದಾ ಮಾವಾ?" ಅಂದ. ಇನ್ನೂ ಇಲ್ಲ ಅಂದೆ. ಈ ಸಲ ಇಬ್ಬರೂ ನಗಲಿಲ್ಲ.